ಒಂದೇ ಬೋಗುಣಿಯ ಜರ್ಮನ್ ಅಡಿಗೆ



ಹಂದಿ ಮಾಂಸದ ಅಡಿಗೆ ಎಂದು ಓದಿದ ಕೂಡಲೇ ಪುಟ ತಿರುವಿಬಿಡಬೇಡಿರಿ. ತಿನ್ನುವವರಿಗೆ ಬೇಕಾದ ರೀತಿಯನ್ನು ಮೊದಲು ಹೇಳುತ್ತೇನೆ. ತಿನ್ನದವರಿಗಾಗಿ ಅದೇ ಅಡಿಗೆಯ ಕಾಳಿನ ರೀತಿ ಕೊನೆಯಲ್ಲಿದೆ. ನಡುವೆ ಒಂದು ಮಾತುಂಟು. ಅದು ಎರಡೂ ಮನೆಗಳಿಗೆ ಬೇಕಾದದ್ದು, ಅದನ್ನಂತೂ ಓದದೆ ಬಿಡಬೇಡಿರಿ.

ನಾನು ಹುಟ್ಟಿದ್ದು ಧಾರವಾಡದಲ್ಲಿ, ಕೊಟ್ಟದ್ದು ಬೈಲಹೊಂಗಲಕ್ಕೆ. ನನ್ನ ತವರಿನವರು ಬಾಸೆಲ್ ಮಿಶನ್ ಸಭೆಯ ಕ್ರೈಸ್ತರು. ಸ್ವಿಟ್ಜರ್‌ಲೆಂಡಿನ ಬಾಸೆಲ್ ಊರಿನಲ್ಲಿ 1815ರಲ್ಲಿ ಸುರುವಾದ ಈ ಮಿಶನ್ನಿನವರು 1834ರಲ್ಲಿ ಮಂಗಳೂರಿಗೆ ಬಂದರು. 1837ರಲ್ಲಿ ಧಾರವಾಡಕ್ಕೆ, ಆಮೇಲೆ ಹುಬ್ಬಳ್ಳಿ, ಬೆಟಗೇರಿಗೆ ಬಂದು ನೆಲೆಸಿದರು. ಅವರಲ್ಲಿ ಬಹಳ ಮಂದಿ ಜರ್ಮನಿಯವರು. 1894ರಲ್ಲಿ ಕನ್ನಡ ಪದಕೋಶ ಹೊರತಂದ ಕಿಟೆಲ್ ಸಾಹೇಬರೂ ಇದೇ ಮಿಶನ್ನಿನವರೇ. ಶಾಲೆ, ಮಗ್ಗ, ಹಂಚಿನ ಕಾರಖಾನೆ, ಛಾಪಖಾನೆ ಇವುಗಳ ಸಂಗತಿ ಪುಸ್ತಕಗಳಲ್ಲಿದೆ. ಅವರ ಅಡಿಗೆಮನೆಯ ಸಂಗತಿ ನನಗೆ ಗೊತ್ತಾದದ್ದು ನಮ್ಮ ಆಯಿಯಿಂದ.

ಆಯಿ ಸಣ್ಣ ಹುಡುಗಿಯಾಗಿದ್ದಾಗ ಒಬ್ಬ ಜರ್ಮನ್ ಅಮ್ಮನವರ ಬಂಗಲೆಗೆ ಕೈಕೆಲಸಕ್ಕೆ ಹೋಗುತ್ತಿದ್ದಳು. ತರಕಾರಿ ಹೆಚ್ಚುವುದು, ಒಲೆ ನೋಡುವುದು ಅವಳ ಕೆಲಸ. 1939ರಲ್ಲಿ ಮಹಾಯುದ್ಧ ಸುರುವಾದಾಗ ಬ್ರಿಟಿಷ್ ಸರಕಾರ ಈ ದೇಶದಲ್ಲಿದ್ದ ಜರ್ಮನ್ ಮಂದಿಯನ್ನು ನಿರ್ಬಂಧದಲ್ಲಿಟ್ಟಿತು. ಆ ಅಮ್ಮನವರೂ ಹೋದರು, ಬಂಗಲೆ ಖಾಲಿಯಾಯಿತು. ಆಯಿಯ ಕೈಯಲ್ಲಿ ಉಳಿದದ್ದು ಈ ಒಂದು ಅಡಿಗೆ. ಅದಕ್ಕೆ ಅವಳು 'ಐಂಟಾಪು' ಎನ್ನುತ್ತಿದ್ದಳು. ನಾವು ಅದೇನೋ ಆಯಿಯದೇ ಶಬ್ದ ಅಂತ ನಗುತ್ತಿದ್ದೆವು. ಜರ್ಮನ್ ಭಾಷೆಯಲ್ಲಿ 'ಐನ್' ಎಂದರೆ ಒಂದು, 'ಟೋಪ್ಫ್' ಎಂದರೆ ಗಡಿಗೆ ಎಂದು ಬಹಳ ವರ್ಷದ ಮೇಲೆ ತಿಳಿಯಿತು. ಒಂದೇ ಗಡಿಗೆಯ ಅಡಿಗೆ! ಆಯಿ ಹೇಳಿದ್ದು ಸರಿಯಾಗಿಯೇ ಇತ್ತು.

ಜರ್ಮನಿಯ ಚಳಿಗಾಲದಲ್ಲಿ ಒಲೆಯ ಮೇಲೆ ಒಂದು ಗಡಿಗೆ ಇಟ್ಟು, ಮಾಂಸ, ಬಟಾಟಿ, ಗಜ್ಜರಿ, ಕೋಬಿ ಹಾಕಿ ಸಣ್ಣ ಉರಿಯಲ್ಲಿ ಬೇಯಿಸಿ, ದಪ್ಪ ರೊಟ್ಟಿಯ ಜೊತೆ ಇಡೀ ಮನೆ ಉಣ್ಣುತ್ತದೆ. ದಕ್ಷಿಣದ ಬವೇರಿಯಾ ಸೀಮೆಯಲ್ಲಿ ಇದಕ್ಕೆ 'ಪಿಖೆಲ್‌ಸ್ಟೈನರ್' ಎಂಬ ಹೆಸರಿನ ಒಂದು ರೀತಿ ಇದೆ. ಅದರಲ್ಲಿ ಮಾಂಸ, ತರಕಾರಿಗಳನ್ನು ಪದರಪದರವಾಗಿ ಹಾಸಿ, ಮುಚ್ಚಿ, ಸೌಟು ಆಡಿಸದೆ ಬೇಯಿಸುತ್ತಾರೆ. ಆಯಿಯೂ ಹಾಗೆಯೇ ಮಾಡುತ್ತಿದ್ದಳು. "ಕೈ ಆಡಿಸಿದರ ಬಟಾಟಿ ಮುದ್ದಿ ಆಕ್ಕೈತಿ, ಸುಮ್ಮ ಕೂಡ್ರು" ಎಂದು ನನ್ನ ಕೈಯೊಳಗಿನ ಸೌಟು ಕಸಿದುಕೊಳ್ಳುತ್ತಿದ್ದಳು.

ಬೇಕಾಗುವ ಸಾಮಾನು (ಆರು ಮಂದಿಗೆ)

ಹಂದಿಯ ಭುಜದ ಮಾಂಸ, ಸ್ವಲ್ಪ ಕೊಬ್ಬು ಇದ್ದದ್ದು: 750 ಗ್ರಾಂ
ಬಟಾಟಿ: ಅರ್ಧ ಕಿಲೋ
ಗಜ್ಜರಿ: ಪಾವು ಕಿಲೋ
ಕೋಬಿ (ಎಲೆಕೋಸು): ದೊಡ್ಡದಾದರೆ ಕಾಲು ಭಾಗ
ಬೀನ್ಸ್ ಅಥವಾ ಹಸಿ ಬಟಾಣಿ: ಒಂದು ಹಿಡಿ
ಉಳ್ಳಾಗಡ್ಡಿ: 3
ಬಳ್ಳೊಳ್ಳಿ: 6 ಎಸಳು
ಕರಿಮೆಣಸು: 1 ಚಹದ ಚಮಚೆ, ಒರಟಾಗಿ ಕುಟ್ಟಿದ್ದು
ಶಾಜೀರಿಗೆ: ಅರ್ಧ ಚಮಚೆ
ತಮಾಲಪತ್ರೆ: 2 ಎಲೆ, ಲವಂಗ: 3
ಎಣ್ಣೆ: 1 ದೊಡ್ಡ ಚಮಚೆ
ಉಪ್ಪು ರುಚಿಗೆ, ನೀರು ಸುಮಾರು 1 ಲೀಟರ್, ಮೇಲೆ ಹಾಕಲು ಕೊತ್ತಂಬರಿ, ಒಂದು ಲಿಂಬೆಹಣ್ಣು

ಮಾಡುವ ವಿಧಾನ

ಮಾಂಸವನ್ನು ಒಂದು ಅಂಗುಲದ ತುಂಡು ಮಾಡಿಕೊಳ್ಳಿರಿ. ಅದಕ್ಕಿಂತ ದೊಡ್ಡದು ಬೇಡ, ಒಳಗಿನವರೆಗೆ ಕಾವು ಹೋಗಬೇಕು. ದಪ್ಪ ತಳದ ಬೋಗುಣಿಯಲ್ಲಿ ಎಣ್ಣೆ ಕಾಯಿಸಿ ತುಂಡುಗಳನ್ನು ಸ್ವಲ್ಪಸ್ವಲ್ಪವೇ ಹಾಕಿ ಕೆಂಪಗೆ ಹುರಿಯಿರಿ. ಎಲ್ಲವನ್ನೂ ಒಮ್ಮೆಗೆ ಹಾಕಿದರೆ ನೀರು ಬಿಟ್ಟು ಬೆಳ್ಳಗಾಗುತ್ತದೆ, ರುಚಿ ಬರುವುದಿಲ್ಲ. ಅದೇ ಕೊಬ್ಬಿನಲ್ಲಿ ಉಳ್ಳಾಗಡ್ಡಿ, ಬಳ್ಳೊಳ್ಳಿ ಬಾಡಿಸಿ, ಮೆಣಸು, ಶಾಜೀರಿಗೆ, ತಮಾಲಪತ್ರೆ, ಲವಂಗ ಹಾಕಿರಿ. ಜರ್ಮನಿಯವರು ಹಾಕುವ ಕಾಳು ಬೇರೆ, ಆದರೆ ವಾಸನೆಗೆ ನಮ್ಮ ಶಾಜೀರಿಗೆ ಅದರ ಅಕ್ಕ-ತಂಗಿಯ ಹಾಗೆ.

ನೀರು, ಉಪ್ಪು ಹಾಕಿ ಕುದಿ ಬಂದ ಮೇಲೆ ಉರಿ ಸಣ್ಣದು ಮಾಡಿ, ಮುಚ್ಚಿ ಒಂದು ತಾಸು ಬಿಡಿರಿ. ಮೇಲೆ ಬರುವ ನೊರೆ, ಹೆಚ್ಚಿನ ಕೊಬ್ಬು ಸೌಟಿನಿಂದ ತೆಗೆಯಿರಿ. ಗ್ಯಾಸ್ ಉಳಿಸುವವರು ಇಷ್ಟನ್ನು ಕುಕ್ಕರಿನಲ್ಲಿ 5 ಸೀಟಿ ಕೂಗಿಸಿಕೊಳ್ಳಬಹುದು. ಆಮೇಲಿನದು ಮಾತ್ರ ಬೋಗುಣಿಯಲ್ಲೇ ಆಗಬೇಕು. ಮಾಂಸದ ಮೇಲೆ ಗಜ್ಜರಿ, ಅದರ ಮೇಲೆ ದೊಡ್ಡ ಹೋಳಿನ ಬಟಾಟಿ, ಬೀನ್ಸ್, ಎಲ್ಲಕ್ಕೂ ಮೇಲೆ ಕೋಬಿ ಹಾಸಿ, ಪದರಪದರಕ್ಕೆ ಚಿಟಿಕೆ ಉಪ್ಪು ಉದುರಿಸಿ ಮುಚ್ಚಿರಿ. ಸಣ್ಣ ಉರಿಯಲ್ಲಿ 25 ನಿಮಿಷ. ತಳ ಹಿಡಿಯುವ ಸಂಶಯ ಬಂದರೆ ಬೋಗುಣಿಯ ಎರಡೂ ಕಿವಿ ಹಿಡಿದು ಮೆಲ್ಲಗೆ ಅಲುಗಿಸಿರಿ, ಸೌಟು ಬೇಡ.

ಮಾಂಸದ ತುಂಡು ಒಂದನ್ನು ತೆಗೆದು ಬೆರಳಿನಿಂದ ಒತ್ತಿದರೆ ಎಳೆಎಳೆಯಾಗಿ ಬಿಡಬೇಕು. ಒಳಗೆ ಕೆಂಪು ಇರಬಾರದು, ಕೆಂಪು ನೀರು ಬರಬಾರದು. ಬಂದರೆ ಇನ್ನೂ ಬೇಯಿಸಿರಿ. ಇಳಿಸಿ ಲಿಂಬೆ ಹಿಂಡಿ, ಕೊತ್ತಂಬರಿ ಹಾಕಿರಿ.

ಮದುವೆಯಾದ ವರ್ಷ ಇದನ್ನು ಮಾಡಿದಾಗ ನಮ್ಮವರು ಒಂದು ತುತ್ತು ಉಂಡು, "ಇದೇನ ಬ್ಯಾನಿ ಬಿದ್ದವರ ಊಟ?" ಎಂದರು. ನಮ್ಮ ಸೀಮೆಯ ಖಾರಕ್ಕೆ ಪಳಗಿದ ನಾಲಿಗೆಗೆ ಇದು ಸಪ್ಪಗೆ ಹೌದು. ಅಂಥವರಿಗೆ ತಾಟಿನ ಮಗ್ಗಲಿಗೆ ಕೆಂಪುಖಾರದ ಚಟ್ನಿ ಇಡಿರಿ, ಬೋಗುಣಿಗೆ ಖಾರ ಸುರಿಯಬೇಡಿರಿ. ಜರ್ಮನಿಯಲ್ಲಿ ದಪ್ಪ ರೊಟ್ಟಿ ಅದ್ದಿ ತಿನ್ನುವ ಹಾಗೆ, ನಮ್ಮ ಜೋಳದ ಕಟಕರೊಟ್ಟಿಯನ್ನು ಮುರಿದು ಈ ರಸದಲ್ಲಿ ನೆನೆಸಿ ತಿನ್ನಿರಿ. ಈಗ ನಮ್ಮವರೇ ಮಳೆ ಹಿಡಿದ ದಿವಸ "ನಿಮ್ಮ ಆಯಿ ಗಡಿಗಿ ಇಡು" ಅನ್ನುತ್ತಾರೆ.

ಇನ್ನು ನಾನು ಹೇಳಬೇಕೆಂದ ಮಾತು.

ನಮ್ಮ ಬಾಜೂಮನೆಯವರು ಮಾಂಸ ಮುಟ್ಟುವವರಲ್ಲ. ಆದರೂ ನಮ್ಮ ಎರಡು ಹಿತ್ತಲಗಳ ನಡುವಿನ ಬಾಗಿಲು ಹಗಲೆಲ್ಲ ತೆರೆದೇ ಇರುತ್ತಿತ್ತು. ಅವರ ಮಗಳು "ಕಾಕೂ, ಚಕಲಿ ಕೊಡ್ರಿ" ಎಂದು ಓಡಿ ಬರುವಳು. ನಾಲ್ಕು ವರ್ಷದ ಹಿಂದೆ, ಅವಳಿಗೆ ಒಂಬತ್ತು ವರ್ಷವಿದ್ದಾಗ, ಒಂದು ಮುಂಜಾನೆ ಸಾಲಿಗೆ ಹೊರಡುವಾಗಲೇ ಮೂರ್ಛೆ ಬಂತು. ಬೆಳಗಾವಿಗೆ ಒಯ್ದು ಸ್ಕ್ಯಾನ್ ಮಾಡಿಸಿದರು. ಮಿದುಳಿನಲ್ಲಿ ಹುಳದ ಗಂಟು ಇದೆ, ಇದು ಹಂದಿಯಲ್ಲಿ ಬೆಳೆಯುವ ಲಾಡಿಹುಳದ ಮರಿ ಎಂದರಂತೆ. ಅಷ್ಟು ಸಾಕಾಯಿತು. "ಬಾಜೂಮನಿಯಾಗ ಹಂದಿ ಬೇಯಿಸ್ತಾರಲ್ಲ" ಎಂಬ ಮಾತು ಓಣಿ ತುಂಬ ಹರಡಿತು. ಹಿತ್ತಲ ಬಾಗಿಲಿಗೆ ಆ ಕಡೆಯಿಂದ ಚಿಲಕ ಬಿತ್ತು.

ನನಗೆ ದುಃಖವಾಯಿತು ಅನ್ನುವುದಕ್ಕಿಂತ ಅಂಜಿಕೆಯಾಯಿತು. ನಮ್ಮ ಬೋಗುಣಿಯಿಂದಲೇ ಆ ಕೂಸಿಗೆ ಹೀಗಾಗಿದ್ದರೆ? ಮನಸ್ಸು ತಡೆಯದೆ ನಾನೇ ಡಾಕ್ಟರ ಹತ್ತಿರ ಹೋಗಿ ಕೇಳಿದೆ. ಅವರು ಹೇಳಿದ್ದನ್ನು ನನಗೆ ತಿಳಿದಂತೆ ಬರೆಯುತ್ತೇನೆ.

ಸರಿಯಾಗಿ ಬೇಯದ ಹಂದಿಮಾಂಸದಲ್ಲಿ ಹುಳದ ಗಂಟು ಇದ್ದರೆ, ತಿಂದವರ ಕರುಳಿನಲ್ಲಿ ಲಾಡಿಹುಳು ಬೆಳೆಯುತ್ತದೆ. ಅಲ್ಲಿಂದ ಅದರ ತತ್ತಿಗಳು ಮಲದಲ್ಲಿ ಹೊರಗೆ ಬೀಳುತ್ತವೆ. ಆ ತತ್ತಿ ಕೈಯಿಂದಾಗಲಿ, ನೀರಿನಿಂದಾಗಲಿ, ಹಸಿ ತರಕಾರಿಯಿಂದಾಗಲಿ ಇನ್ನೊಬ್ಬರ ಹೊಟ್ಟೆಗೆ ಹೋದರೆ, ಮರಿಗಳು ರಕ್ತದಲ್ಲಿ ಹರಿದು ಮಿದುಳಿಗೆ ಸೇರಬಹುದು. ಮೂರ್ಛೆ ಬರುವುದು ಇದರಿಂದ. ಅಂದರೆ ಹುಟ್ಟಿದಾಗಿನಿಂದ ಮಾಂಸವನ್ನೇ ಮುಟ್ಟದವರಿಗೂ ಈ ರೋಗ ಬರುತ್ತದೆ. ಹಂದಿಗೂ ಇದು ಬರುವುದು ಮನುಷ್ಯರ ಹೊಲಸು ತಿಂದೇ.

ನಮ್ಮ ಮನೆಯ ತಪ್ಪಿಲ್ಲ ಎಂದು ಎದೆ ಹಗುರಾಗುವಷ್ಟರಲ್ಲಿ ಡಾಕ್ಟರು ಇನ್ನೊಂದು ಮಾತು ಹೇಳಿದರು: "ತಾಯಿ, ನಿಮ್ಮ ಮನಿಯಾಗ ಯಾರ ಕರುಳಾಗರ ಹುಳ ಇದ್ದರ, ನಿಮ್ಮ ಕೈಯಿಂದ ಆ ಕೂಸಿಗೆ ಹೋಗಿರಬಹುದು. ತಪಾಸ ಮಾಡಿಸ್ರಿ." ಅದೂ ನಿಜವೇ. ನಾವೆಲ್ಲರೂ ಮಲ ತಪಾಸಣೆ ಮಾಡಿಸಿಕೊಂಡೆವು. ಏನೂ ಸಿಗಲಿಲ್ಲ. ಬಾಜೂಮನೆಯವರೂ ಮಾಡಿಸಿದರು, ಅಲ್ಲಿಯೂ ಇಲ್ಲ. ಎಲ್ಲಿಂದ ಬಂತೋ ಇವತ್ತಿಗೂ ಗೊತ್ತಾಗಿಲ್ಲ. ಸಂತೆಯ ಕೊತ್ತಂಬರಿಯಿಂದ ಬಂದಿರಬಹುದು, ಎಲ್ಲಿಯದೋ ನೀರಿನಿಂದ ಬಂದಿರಬಹುದು.

ಯೋಚಿಸಿ ನೋಡಿರಿ, ನಮ್ಮ ಬೈಲಹೊಂಗಲ, ಕಿತ್ತೂರ, ಸವದತ್ತಿ, ರಾಮದುರ್ಗದ ಕಡೆಗೆ ರೊಟ್ಟಿಯ ಜೊತೆ ಹಕ್ಕರಿಕಿ, ಮೆಂತ್ಯೆ, ಮೂಲಂಗಿ, ಉಳ್ಳಾಗಡ್ಡಿ ಹಸಿಯಾಗಿಯೇ ತಿನ್ನುವ ರೂಢಿ. ಒಳ್ಳೆಯ ರೂಢಿಯೇ. ಆದರೆ ಬೇರಿನ ಮಣ್ಣು ಜಾಡಿಸಿ ತಾಟಿಗೆ ಹಾಕಿದರೆ ಸಾಲದು. ಆದ್ದರಿಂದ ಇಷ್ಟು ಮಾಡಿರಿ:

ಸೊಪ್ಪನ್ನು ಎಲೆ ಬಿಡಿಸಿ, ಸ್ವಚ್ಛ ನೀರಿನಲ್ಲಿ ಮೂರು ನಾಲ್ಕು ಸಲ ತೊಳೆಯಿರಿ. ಗಜ್ಜರಿ, ಮೂಲಂಗಿಗಳನ್ನು ತಿಕ್ಕಿ ತೊಳೆದು ಸಿಪ್ಪೆ ಹೆರೆಯಿರಿ.

ಪಾಯಖಾನೆಗೆ ಹೋಗಿ ಬಂದ ಮೇಲೆ, ಅಡಿಗೆಗೆ ಕೈ ಹಾಕುವ ಮೊದಲು ಸಾಬೂನು ಹಚ್ಚಿ ಕೈ ತೊಳೆಯಿರಿ. ಉಗುರು ಸಣ್ಣಗಿರಲಿ. ಮಕ್ಕಳಿಗೂ ಕಲಿಸಿರಿ.

ಬಯಲುಕಡೆಗೆ ಹೋಗುವುದನ್ನು ಹೊಲದ ಕೆಲಸದ ದಿವಸವೂ ಬಿಡಿರಿ.

ಹಂದಿಮಾಂಸ ತಿನ್ನುವವರು ಓಣಿಯಲ್ಲಿ ಅಡ್ಡಾಡುವ ಹಂದಿಯದನ್ನು ಕೊಳ್ಳಬೇಡಿರಿ. ಕೊಟ್ಟಿಗೆಯಲ್ಲಿ ಕಟ್ಟಿ ಸಾಕಿದ್ದನ್ನು ನಂಬಿಕೆಯ ಅಂಗಡಿಯಿಂದ ತನ್ನಿರಿ. ಮಾಂಸದೊಳಗೆ ಅಕ್ಕಿಕಾಳಿನಂಥ ಬಿಳಿ ಗುಳ್ಳೆ ಕಂಡರೆ ಅದು ಬೇಡ. ಹಸಿ ಮಾಂಸ ಹೆಚ್ಚಿದ ಈಳಿಗೆ, ಮಣೆಗಳನ್ನು ಬಿಸಿನೀರು, ಸಾಬೂನಿನಿಂದ ತೊಳೆಯಿರಿ.

ಮೂರ್ಛೆ ಬಂದರೆ ಕಬ್ಬಿಣ ಹಿಡಿಸುತ್ತ ಕೂಡಬೇಡಿರಿ, ದವಾಖಾನೆಗೆ ಒಯ್ಯಿರಿ. ಅಂಥವರಿಗೆ ಡಾಕ್ಟರನ್ನು ಕೇಳದೆ ಹುಳದ ಗುಳಿಗೆ ಕೊಡಬೇಡಿರಿ. ಮಿದುಳಿನಲ್ಲಿ ಗಂಟು ಇದ್ದರೆ ಅದರಿಂದ ತ್ರಾಸು ಹೆಚ್ಚಾಗಬಹುದು.

ಒಂದು ತಿಂಗಳ ಮೇಲೆ ಹಿತ್ತಲ ಚಿಲಕ ಸಪ್ಪಳವಾಯಿತು. ಅವರ ಡಾಕ್ಟರೂ ಇದನ್ನೇ ಹೇಳಿದ್ದರಂತೆ. "ವೈನಿ, ಮಂದಿ ಮಾತಿಗೆ ನಾನೂ ಕಿವಿ ಕೊಟ್ಟೆ, ಸಿಟ್ಟ ಆಗಬ್ಯಾಡ್ರಿ" ಎಂದರು. "ನನಗೂ ಅಂಜಿಕಿ ಇತ್ರಿ ವೈನಿ" ಎಂದೆ. ಹುಡುಗಿ ಬಹಳ ದಿವಸ ಔಷಧ ತಗೊಂಡು ಈಗ ಆರಾಮಾಗಿ ಎಂಟನೆಯ ಇಯತ್ತೆಯಲ್ಲಿ ಓದುತ್ತಾಳೆ.

ಅವರಿಗಾಗಿಯೇ ನಾನು ಈ ಗಡಿಗೆಯ ಇನ್ನೊಂದು ರೀತಿ ಮಾಡತೊಡಗಿದೆ. ಜರ್ಮನಿಯವರೂ ಕಾಳು ಹಾಕಿ ಒಂದೇ ಗಡಿಗೆಯ ಅಡಿಗೆ ಮಾಡುತ್ತಾರೆ, ನಮಗೆ ಬೆಳಗಾವಿ ಸೀಮೆಯ ಇಡೀ ಮಸೂರಿ ಇದ್ದೇ ಇದೆ. ಮಾಂಸದ ಬದಲು ಪಾವು ಕಿಲೋ ಮಸೂರಿಯನ್ನು ಎರಡು ತಾಸು ನೆನೆಸಿರಿ. ಎರಡು ದೊಡ್ಡ ಚಮಚೆ ಎಣ್ಣೆಯಲ್ಲಿ ಉಳ್ಳಾಗಡ್ಡಿ, ಬಳ್ಳೊಳ್ಳಿ ಹುರಿದು, ಅವೇ ಮಸಾಲಿ ಹಾಕಿ, ಕಾಳು, ನೀರು ಸೇರಿಸಿ ಅರ್ಧ ಬೇಯಿಸಿರಿ. ಅದರ ಮೇಲೆ ತರಕಾರಿ ಪದರ ಹಾಸಿ, ಮುಚ್ಚಿ 25 ನಿಮಿಷ ಬಿಡಿರಿ. ಉಪ್ಪು, ಲಿಂಬೆಯ ಹುಳಿ ಕಡೆಗೆ ಹಾಕಿರಿ. ಈ ಬೋಗುಣಿ ನಾನು ಬೇರೆಯೇ ಇಟ್ಟಿದ್ದೇನೆ, ಅವರ ನೇಮ ಅವರಿಗೆ ಇರಲಿ.

ಮಳೆ ಬಂದ ಸಂಜೆ ಈ ಬೋಗುಣಿ ಹಿತ್ತಲ ಬಾಗಿಲಿನಿಂದ ಆ ಕಡೆ ಹೋಗುತ್ತದೆ. ಬರುವಾಗ ಖಾಲಿ ಬರುವುದಿಲ್ಲ, ವೈನಿ ಒಂದು ಹಿಡಿ ಶೇಂಗಾದ ಚಟ್ನಿಯನ್ನಾದರೂ ಇಟ್ಟು ಕಳಿಸುತ್ತಾರೆ. ನೀವೂ ಮಾಡಿ ನೋಡಿರಿ. ತರಕಾರಿ ಮಾತ್ರ ಚೆಂದಾಗಿ ತೊಳೆಯಿರಿ.