ಒಂದು ಮಾತಿನಿಂದ ಅಟ್ಲಾಂಟಾದ ಬೆಂಕಿಯವರೆಗೆ

ಲಂಡನ್ನಿನ ದೊಡ್ಡದೊಂದು ಬಂಗಲೆ. ಒಳಗೆ ನರಪಿಳ್ಳೆಯಿಲ್ಲ. ಸಿಗರೇಟು ಡಬ್ಬಿಯೊಂದನ್ನು ಕದ್ದುಕೊಂಡು ಓಡಿಬಂದ ಹುಡುಗಿ ಆ ಖಾಲಿ ಮನೆಯೊಳಗೆ ನುಸುಳುತ್ತಾಳೆ. ಇನ್ನು ಯಾರೂ ನೋಡುವುದಿಲ್ಲ ಅಂದುಕೊಂಡಳೋ ಏನೋ, ತನ್ನಷ್ಟಕ್ಕೆ ತಾನು ಕುಣಿಯತೊಡಗುತ್ತಾಳೆ. ಬೆನ್ನಟ್ಟಿ ಬಂದ ಮನುಷ್ಯ ಕಳ್ಳಿಯನ್ನು ಹಿಡಿಯುವುದನ್ನೂ ಮರೆತು, ನಿಂತಲ್ಲೇ ನಿಂತು ನೋಡುತ್ತಾನೆ. ನಾನೂ ಹಾಗೇ ನಿಂತುಬಿಟ್ಟೆ! ಆ ಹುಬ್ಬು, ಆ ಬೆಕ್ಕಿನ ಕಣ್ಣು, ಗಲ್ಲವನ್ನು ಚೂರು ಮೇಲಕ್ಕೆತ್ತುವ ಆ ಠೀವಿ. ಅರೆ, ಇವಳು 'ಗಾನ್ ವಿತ್ ದ ವಿಂಡ್'ನ ಸ್ಕಾರ್ಲೆಟ್ ಅಲ್ಲವೇ! ಸ್ಕಾರ್ಲೆಟ್ ಆಗುವ ಮೊದಲಿನ ವಿವಿಯನ್ ಲೀ!

ಚಿತ್ರದ ಹೆಸರು 'ಸೇಂಟ್ ಮಾರ್ಟಿನ್ಸ್ ಲೇನ್', ಬಂದದ್ದು 1938ರಲ್ಲಿ. ನಾಟಕಶಾಲೆಗಳ ಮುಂದೆ ಸಾಲು ನಿಂತವರೆದುರು ಹಾಡಿ, ಕುಣಿದು, ಪದ್ಯ ಹೇಳಿ ಚಿಲ್ಲರೆ ಕಾಸು ಎತ್ತುವವರ ಕಥೆ. ಚಾರ್ಲ್ಸ್ ಲಾಟನ್ ಅಂಥ ಬೀದಿ ಕಲಾವಿದ, ಲೀ ಅವನ ಕೈಗೆ ಸಿಕ್ಕ ಜೇಬುಗಳ್ಳಿ ಲಿಬ್ಬಿ. ಸ್ಕಾರ್ಲೆಟ್ ಆಕಾಶದಿಂದ ಉದುರಿದವಳು ಎಂದೇ ನಾನು ಇಷ್ಟು ವರ್ಷ ನಂಬಿದ್ದೆ. ಚಿತ್ರ ನೋಡಿದ ಆ ರಾತ್ರಿ ಶುರುವಾದ ಹುಡುಕಾಟ ನನ್ನನ್ನು ಎಲ್ಲಿಗೆ ಕೊಂಡೊಯ್ದಿತು ಗೊತ್ತೇ? ನಮ್ಮ ಬೆಂಗಳೂರಿಗೆ, ಊಟಿಗೆ!

ಹೌದು. ವಿವಿಯನ್ ಮೇರಿ ಹಾರ್ಟ್ಲಿ ಹುಟ್ಟಿದ್ದು 1913ರ ನವೆಂಬರ್ 5ರಂದು, ಡಾರ್ಜಿಲಿಂಗಿನಲ್ಲಿ. ತಂದೆ ಅರ್ನೆಸ್ಟ್ ಕಲ್ಕತ್ತೆಯಲ್ಲಿ ದಲ್ಲಾಳಿ ವ್ಯಾಪಾರದವರು, ಹವ್ಯಾಸಕ್ಕೆ ನಾಟಕ. ಮೊದಲ ಮಹಾಯುದ್ಧದ ನಡುವೆ, 1917ರಲ್ಲಿ, ಭಾರತೀಯ ಅಶ್ವದಳದ ಅಧಿಕಾರಿಯಾಗಿ ಅವರಿಗೆ ಬೆಂಗಳೂರಿಗೆ ವರ್ಗವಾಯಿತು. ತಾಯಿ ಮಗಳು ಊಟಿಯಲ್ಲಿ ಉಳಿದರು. ಮೈಸೂರು, ಗುಂಡ್ಲುಪೇಟೆ, ಬಂಡೀಪುರ ದಾಟಿ ನಾವೆಲ್ಲ ಶಾಲಾ ಪ್ರವಾಸಕ್ಕೆ ಹೋಗುವ ಅದೇ ಊಟಿ! ಮೂರು ವರ್ಷದ ಪೋರಿ ಅಮ್ಮನ ಹವ್ಯಾಸಿ ತಂಡದ ರಂಗದ ಮೇಲೆ ನಿಂತು ಶಿಶುಗೀತೆ ಒಪ್ಪಿಸಿದಳು. ಮೊದಲ ಪ್ರವೇಶ ಅದೇ.

1920ರಲ್ಲಿ ಲಂಡನ್ನಿನ ರೋಹ್ಯಾಂಪ್ಟನ್‌ನ ಕಾನ್ವೆಂಟಿಗೆ ಕಳಿಸಿದರು. ಅಲ್ಲಿ ಅವಳಿಗಿಂತ ಎರಡು ವರ್ಷ ದೊಡ್ಡವಳಾದ ಗೆಳತಿಯೊಬ್ಬಳಿದ್ದಳು. ತಾನು ದೊಡ್ಡ ನಟಿಯಾಗುತ್ತೇನೆ ಎಂದು ವಿವಿಯನ್ ಹೇಳಿಕೊಂಡದ್ದು ಅವಳ ಹತ್ತಿರ. ಆ ಗೆಳತಿ ಯಾರು ಗೊತ್ತಾ? ಮೌರೀನ್ ಓ'ಸಲಿವನ್, ಮುಂದೆ ಟಾರ್ಜನ್ ಚಿತ್ರಗಳ ಜೇನ್! 1938ರ 'ಎ ಯಾಂಕ್ ಅಟ್ ಆಕ್ಸ್‌ಫರ್ಡ್'ನಲ್ಲಿ ಇಬ್ಬರೂ ಒಟ್ಟಿಗೆ ನಟಿಸಿದ್ದಾರೆ.

ಆದರೆ ನಡುವಿನ ದಾರಿ ನೋಡಿ. ರಾಯಲ್ ಅಕಾಡೆಮಿಯ ನಾಟಕ ತರಗತಿಗೆ ಸೇರಿದವಳು 19ನೇ ವಯಸ್ಸಿಗೆ ಬ್ಯಾರಿಸ್ಟರ್ ಲೀ ಹಾಲ್ಮನ್‌ನನ್ನು ಮದುವೆಯಾಗಿ ಓದು ಬಿಟ್ಟಳು. ಗಂಡನಿಗೆ ನಾಟಕದವರೆಂದರೆ ಅಷ್ಟಕ್ಕಷ್ಟೇ. 1933ರ ಅಕ್ಟೋಬರಿನಲ್ಲಿ ಮಗಳು ಹುಟ್ಟಿದಳು. ಅಲ್ಲಿಗೆ ಕಥೆ ಮುಗಿಯಬೇಕಿತ್ತು, ಮುಗಿಯಲಿಲ್ಲ! 'ಥಿಂಗ್ಸ್ ಆರ್ ಲುಕಿಂಗ್ ಅಪ್' ಎಂಬ ಚಿತ್ರಕ್ಕೆ ಶಾಲಾ ಹುಡುಗಿಯರ ಗುಂಪು ಬೇಕಿತ್ತು. ಮನೆಯಲ್ಲಿ ಪುಟ್ಟ ಕೂಸನ್ನು ಬಿಟ್ಟು ಬಂದ ತಾಯಿ ಶಾಲಾ ಹುಡುಗಿಯಾಗಿ ಸಾಲಿನಲ್ಲಿ ನಿಂತಳು. ಸಿಕ್ಕಿದ್ದು ಒಂದೇ ಒಂದು ಮಾತು: ನೀವು ಮುಖ್ಯೋಪಾಧ್ಯಾಯಿನಿ ಆಗದಿದ್ದರೆ ಮುಂದಿನ ಸಲ ನಾನು ಶಾಲೆಗೇ ಬರುವುದಿಲ್ಲ ಎಂಬರ್ಥದ್ದು. ತೆರೆಯ ಮೇಲೆ ಹೆಸರೂ ಬರಲಿಲ್ಲ.

ಹೆಸರಿನದೇ ಒಂದು ಕಥೆ. ಏಜೆಂಟ್ ಜಾನ್ ಗ್ಲಿಡನ್ 'ಏಪ್ರಿಲ್ ಮಾರ್ನ್' ಎಂದು ಇಟ್ಟುಕೋ ಎಂದ! ಪುಣ್ಯಕ್ಕೆ ಅವಳು ಗಂಡನ ಹೆಸರಿನ 'ಲೀ'ಯನ್ನೇ ತೆಗೆದುಕೊಂಡಳು. ಗ್ಲಿಡನ್ ಅವಳನ್ನು ನಿರ್ಮಾಪಕ ಅಲೆಕ್ಸಾಂಡರ್ ಕೋರ್ಡಾನ ಮುಂದೆ ನಿಲ್ಲಿಸಿದ. ಕೋರ್ಡಾ ಬೇಡವೆಂದ. ಆಗ ಇಂಗ್ಲೆಂಡಿನಲ್ಲಿ 1927ರ ಕಾಯಿದೆಯೊಂದು ಜಾರಿಯಲ್ಲಿತ್ತು. ಚಿತ್ರಮಂದಿರಗಳು ಇಂತಿಷ್ಟು ಪಾಲು ಬ್ರಿಟಿಷ್ ಚಿತ್ರ ತೋರಿಸಲೇಬೇಕು. ಆ ಲೆಕ್ಕ ತುಂಬಿಸಲು ಅಗ್ಗದ ಚಿತ್ರಗಳನ್ನು ಚಕಚಕನೆ ಸುತ್ತಿ ಬಿಸಾಡುತ್ತಿದ್ದರು. ಅಂಥ ಒಂದೆರಡರಲ್ಲೂ ಅವಳು ದುಡಿದಳು.

ಆಮೇಲೆ 1935ರ ಮೇ 15. ಅಂಬಾಸಡರ್ಸ್ ನಾಟಕಶಾಲೆ, 'ದ ಮಾಸ್ಕ್ ಆಫ್ ವರ್ಚ್ಯೂ'. ಒಂದು ರಾತ್ರಿ ಕಳೆದು ಬೆಳಗಾಗುವಷ್ಟರಲ್ಲಿ ಲಂಡನ್ನಿನ ಪತ್ರಿಕೆಗಳ ತುಂಬ ಅವಳದೇ ಸುದ್ದಿ! ಬೇಡವೆಂದಿದ್ದ ಕೋರ್ಡಾ ಆ ರಾತ್ರಿ ಪ್ರೇಕ್ಷಕರ ನಡುವೆ ಕೂತಿದ್ದ. ಈಗ ಕರೆದು ಕರಾರಿಗೆ ಸಹಿ ಹಾಕಿಸಿದ. ಐದು ವರ್ಷಕ್ಕೆ 50,000 ಪೌಂಡು ಎಂದು ಪತ್ರಿಕೆಗಳು ಬರೆದವು.

ಇಲ್ಲಿಯೇ ನನಗೆ ಅವಳ ಮೇಲೆ ಪ್ರೀತಿ ಉಕ್ಕಿದ್ದು. ಆ ನಾಟಕವನ್ನು ದೊಡ್ಡ ರಂಗಮಂದಿರಕ್ಕೆ ಒಯ್ದರು. ಅವಳ ದನಿ ಹಿಂದಿನ ಸಾಲಿಗೆ ಮುಟ್ಟಲಿಲ್ಲ, ಆಟ ಬೇಗನೆ ನಿಂತುಹೋಯಿತು. ತನ್ನನ್ನು ಮಹಾನಟಿ ಎಂದು ಹೊಗಳಿದ ವಿಮರ್ಶಕರು ತಪ್ಪು ಮಾಡಿದರು, ಆ ಹೊರೆ ಹೊರುವ ಶಕ್ತಿ ಆಗ ತನಗಿರಲಿಲ್ಲ, ಆ ಮಾತಿಗೆ ತಕ್ಕವಳಾಗಲು ವರ್ಷಗಳೇ ಹಿಡಿದವು ಎಂದು ಅವಳೇ ಮುಂದೆ ಹೇಳಿಕೊಂಡಳು. ಇಪ್ಪತ್ತೊಂದರ ಹುಡುಗಿಗೆ ಹೊಗಳಿಕೆ ಇಷ್ಟು ಭಾರವಾಗಿತ್ತೇ! ಅದನ್ನು ತಿಳಿದ ಮೇಲೆ 'ಫೈರ್ ಓವರ್ ಇಂಗ್ಲೆಂಡ್', 'ಡಾರ್ಕ್ ಜರ್ನಿ', 'ಸ್ಟಾರ್ಮ್ ಇನ್ ಎ ಟೀಕಪ್' ಎಂದು 1937ರಲ್ಲಿ ಒಂದರ ಹಿಂದೊಂದು ಬಂದ ಚಿತ್ರಗಳನ್ನು ನೋಡುವ ಬಗೆಯೇ ಬೇರೆಯಾಗುತ್ತದೆ. ರಾಣಿಯ ಸಖಿ, ಗೂಢಚಾರಿಣಿ, ಊರ ಮುಖ್ಯಸ್ಥನ ಮಗಳು: ಎಲ್ಲದರಲ್ಲೂ ಅವಳು ಕಲಿಯುತ್ತಿದ್ದಾಳೆ. ನಾಟಕಶಾಲೆಯ ಕೊನೆಯ ಸಾಲಿಗೆ ಮುಟ್ಟದ ಪಿಸುದನಿ ಕ್ಯಾಮೆರಾಕ್ಕೆ ಮುಟ್ಟುತ್ತದೆ, ಬರೀ ಹುಬ್ಬು ಹಾರಿಸಿದರೂ ಸಾಕು, ಕ್ಯಾಮೆರಾ ಕೇಳಿಸಿಕೊಳ್ಳುತ್ತದೆ!

ಅಷ್ಟರಲ್ಲಿ ಮಾರ್ಗರೆಟ್ ಮಿಚೆಲ್ ಬರೆದ 'ಗಾನ್ ವಿತ್ ದ ವಿಂಡ್' ಕಾದಂಬರಿ ಕೈಗೆ ಬಂತು. ಓದಿದವಳಿಗೆ ಸ್ಕಾರ್ಲೆಟ್ ಮೈದುಂಬಿದಳು. ಆಗ ಆಡುತ್ತಿದ್ದ ನಾಟಕದ ಸಹನಟರಿಗೆಲ್ಲ ಆ ಪುಸ್ತಕವನ್ನೇ ಉಡುಗೊರೆ ಕೊಟ್ಟಳು. ಅಮೆರಿಕದಲ್ಲಿ ಅದರ ಚಿತ್ರಕ್ಕೆ ನಾಯಕಿ ಬೇಕೆಂದು ಸಾವಿರಕ್ಕೂ ಹೆಚ್ಚು ಹುಡುಗಿಯರ ನಡುವೆ ಹುಡುಕಾಟ ನಡೆದಿದೆ. ಇಲ್ಲಿ ಇವಳು, ಆ ಪಾತ್ರ ನನ್ನದೇ, ನೋಡುತ್ತಿರಿ ಎನ್ನುತ್ತಾಳೆ! ನಿರ್ಮಾಪಕ ಡೇವಿಡ್ ಸೆಲ್ಜ್ನಿಕ್ ಅವಳ ಚಿತ್ರ ನೋಡಿ, ನಟಿ ಚೆನ್ನಾಗಿದ್ದಾಳೆ, ಆದರೆ ತೀರಾ ಇಂಗ್ಲಿಷಿನವಳು ಎಂದು ಪಕ್ಕಕ್ಕಿಟ್ಟಿದ್ದ.

1938ರ ಡಿಸೆಂಬರ್ 10ರ ರಾತ್ರಿ. ನಾಯಕಿಯೇ ಗೊತ್ತಾಗಿಲ್ಲ, ಆದರೂ ಚಿತ್ರೀಕರಣ ಶುರುವಾಗಿದೆ! ಸ್ಟುಡಿಯೋ ಹಿತ್ತಲಿನ ಹಳೆಯ ಸೆಟ್ಟುಗಳಿಗೆ ಬೆಂಕಿಯಿಟ್ಟು ಅಟ್ಲಾಂಟಾ ನಗರ ಉರಿಯುವ ದೃಶ್ಯ ತೆಗೆಯುತ್ತಿದ್ದಾರೆ. ಸ್ಕಾರ್ಲೆಟ್ ಜಾಗದಲ್ಲಿ ಬದಲಿ ನಟಿ ಗಾಡಿಯಲ್ಲಿ ಕೂತಿದ್ದಾಳೆ. ಆ ಕೆಂಪು ಬೆಳಕಿನಲ್ಲಿ ಸೆಲ್ಜ್ನಿಕ್‌ನ ಸೋದರ ಮೈರನ್ ಒಬ್ಬ ಯುವತಿಯನ್ನು ಅಣ್ಣತಮ್ಮಂದಿರ ಸಲುಗೆಯಲ್ಲಿ ಮುಂದಕ್ಕೆ ಕರೆತಂದು ನಿಲ್ಲಿಸಿದ. 1939ರ ಜನವರಿ 13ಕ್ಕೆ, ಸ್ಕಾರ್ಲೆಟ್ ಪಾತ್ರ ಲೀಗೇ ಎಂಬ ಪ್ರಕಟಣೆ ಹೊರಬಿತ್ತು. 1940ರ ಫೆಬ್ರವರಿ 29ಕ್ಕೆ ಆಸ್ಕರ್ ಕೈಯಲ್ಲಿತ್ತು. ಒಂದು ಮಾತಿನ ಶಾಲಾ ಹುಡುಗಿಯಿಂದ ಅಲ್ಲಿಗೆ ಆರು ವರ್ಷವೂ ಆಗಿರಲಿಲ್ಲ.

ಮತ್ತೆ ಆ ಖಾಲಿ ಬಂಗಲೆಗೆ ಹೋದೆ, ಇನ್ನೊಮ್ಮೆ ಚಿತ್ರ ನೋಡಿದೆ. ಕೊನೆಯಲ್ಲಿ ಲಿಬ್ಬಿಗೆ ಹಾಲಿವುಡ್ಡಿನಿಂದ ಕರೆ ಬರುತ್ತದೆ! ಚಿತ್ರ ಇಂಗ್ಲೆಂಡಿನಲ್ಲಿ ತೆರೆಕಂಡ ವರ್ಷವೇ ಲೀ ಅತ್ತ ಹೊರಟಳು. ಅದು ಅಮೆರಿಕದ ಚಿತ್ರಮಂದಿರಗಳಿಗೆ ಬಂದದ್ದು 1940ರಲ್ಲಿ, 'ಸೈಡ್‌ವಾಕ್ಸ್ ಆಫ್ ಲಂಡನ್' ಎಂಬ ಹೆಸರಿನಲ್ಲಿ, ಸ್ಕಾರ್ಲೆಟ್ ಮನೆಮಾತಾದ ಮೇಲೆ. ಅಲ್ಲಿನವರೂ ನನ್ನ ಹಾಗೇ ಕಥೆಯನ್ನು ಹಿಂದಿನಿಂದ ನೋಡಿದರು. ಮೊದಲು ಉರಿಯುವ ಅಟ್ಲಾಂಟಾ, ಆಮೇಲೆ ಯಾರೂ ಇಲ್ಲದ ಮನೆಯಲ್ಲಿ ಕುಣಿಯುವ ಕಳ್ಳ ಹುಡುಗಿ.