ರಂಗದ ನಗೆ ತೆರೆಗೆ ಬಂದ ಬಗೆ

ಹೊಸದಾಗಿ ಮದುವೆಯಾದ ಜೆರಾಲ್ಡ್, ಹೆಂಡತಿಗಿಂತ ಮೊದಲೇ ಬಾಡಿಗೆ ಬಂಗಲೆಗೆ ಒಬ್ಬನೇ ಬಂದಿಳಿಯುತ್ತಾನೆ. ರಾತ್ರಿ ನೋಡಿದರೆ ಪೈಜಾಮ ತೊಟ್ಟ ಅಪರಿಚಿತ ಹುಡುಗಿಯೊಬ್ಬಳು ಆಶ್ರಯ ಕೇಳಿಕೊಂಡು ಬಂದಿದ್ದಾಳೆ! ಮುಂಗೋಪಿ ಮಲತಂದೆ ಅವಳನ್ನು ತೊಟ್ಟ ಬಟ್ಟೆಯಲ್ಲೇ ಮನೆಯಿಂದ ಅಟ್ಟಿದ್ದಾನೆ. ಪಾಪ ಎಂದು ಇರಿಸಿಕೊಂಡರೆ ಊರ ಬಾಯಿ ಮುಚ್ಚುವವರಾರು? ಕಳಿಸೋಣವೆಂದರೆ ಅವಳಿಗೆ ಬೇರೆ ಬಟ್ಟೆಯಿಲ್ಲ. ಸಾಲದ್ದಕ್ಕೆ, ಹೆಂಡತಿಯ ಸಹೋದರಿ ಅದೇ ಊರಿನವಳು; ಸಂಶಯ ಅವಳ ಹುಟ್ಟುಗುಣ.

ಇಷ್ಟೇ ಎಳೆ ಹಿಡಿದು ಬೆನ್ ಟ್ರಾವರ್ಸ್ ಹೆಣೆದ ಪ್ರಹಸನ 'ರುಕರಿ ನುಕ್'. 1926ರ ಜೂನ್ 30ರಂದು ಲಂಡನ್ನಿನ ಆಲ್ಡ್‌ವಿಚ್ ಥಿಯೇಟರಿನಲ್ಲಿ ಪರದೆ ಎದ್ದ ಈ ನಾಟಕ 409 ಪ್ರದರ್ಶನ ಕಂಡಿತು. 1930ರಲ್ಲಿ ಟಾಕಿಯಾಗಿ ತೆರೆಗೂ ಬಂತು.

ಟ್ರಾವರ್ಸ್ ನಾಟಕದ ಮನೆತನದವರಲ್ಲ. ಅವರದು ಸಗಟು ದಿನಸಿ ವ್ಯಾಪಾರದ ಕುಟುಂಬ. ಆ ವ್ಯಾಪಾರದ ಕೆಲಸಕ್ಕೆಂದೇ ಮಲಕ್ಕಾಕ್ಕೆ ಹೋಗಿದ್ದ ತರುಣನಿಗೆ ಅಲ್ಲಿನ ಗ್ರಂಥಾಲಯದಲ್ಲಿ ನಾಟಕಕಾರ ಪಿನೆರೋ ಅವರ ಕೃತಿಗಳು ಸಿಕ್ಕವು. ಪಾತ್ರ ಯಾವಾಗ ಒಳಬರಬೇಕು, ಗುಟ್ಟು ಎಷ್ಟು ಹೊತ್ತು ಉಳಿಯಬೇಕು ಎಂಬ ಕಸುಬನ್ನು ಅವರು ಕಲಿತದ್ದು ಈ ಓದಿನಿಂದ. ಹಾಗಿದ್ದರೂ 'ರುಕರಿ ನುಕ್' ಮೊದಲು, 1923ರಲ್ಲಿ, ಬಂದದ್ದು ಕಾದಂಬರಿಯಾಗಿ.

ನಾಟಕಕ್ಕೆ ಜೀವ ತುಂಬಿದ್ದು ಆಲ್ಡ್‌ವಿಚ್‌ನ ಕಾಯಂ ತಂಡ. ಹಿಂದೊಮ್ಮೆ ಪೊಲೀಸ್ ಆಗಿದ್ದ ಟಾಮ್ ವಾಲ್ಸ್ ತಂಡದ ಯಜಮಾನ. ಒಂಟಿಗಣ್ಣಿನ ಕನ್ನಡಕ ಧರಿಸಿ ಪೆದ್ದುಪೆದ್ದಾಗಿ ತಡವರಿಸುವ ರಾಲ್ಫ್ ಲಿನ್, ಜೆರಾಲ್ಡ್. ಹೆಂಡತಿಗೆ ಹೆದರಿ ನಡುಗುವ ಬೋಳುತಲೆಯ ಬಡಪಾಯಿ ರಾಬರ್ಟ್‌ಸನ್ ಹೇರ್. ಟ್ರಾವರ್ಸ್ ಇವರ ಅಳತೆಗೆ ಸರಿಯಾಗಿ ಪಾತ್ರ ಬರೆಯುತ್ತಿದ್ದರು.

1928ರ ಸೆಪ್ಟೆಂಬರಿನಲ್ಲಿ 'ದಿ ಜಾಜ್ ಸಿಂಗರ್' ಎಂಬ ಮಾತಿನ ಚಿತ್ರ ಲಂಡನ್ನಿಗೆ ಬಂದ ಮೇಲೆ ಬ್ರಿಟಿಷ್ ನಿರ್ಮಾಪಕರಿಗೆ ದಿಢೀರನೆ ಮಾತು ಬಲ್ಲವರು ಬೇಕಾದರು. ಮೂಕಿಚಿತ್ರದ ಹಾಸ್ಯ ಬೀಳುವುದು, ಓಡುವುದರಲ್ಲಿತ್ತು. ಪ್ರಹಸನದ ಜೀವಾಳ ಸುಳ್ಳು. ಸುಳ್ಳಿಗೆ ನಾಲಗೆ ಬೇಕು. ನಿರ್ಮಾಪಕ ಹರ್ಬರ್ಟ್ ವಿಲ್ಕಾಕ್ಸ್ ತಮ್ಮ ಬ್ರಿಟಿಷ್ ಅಂಡ್ ಡೊಮಿನಿಯನ್ಸ್ ಸಂಸ್ಥೆಯಿಂದ ಈ ತಂಡವನ್ನೇ ಎಲ್‌ಸ್ಟ್ರೀ ಸ್ಟುಡಿಯೊಗೆ ಕರೆತಂದರು. ನಮ್ಮ ಮನೆಗಳಲ್ಲೂ ನಾಯಿಮುದ್ರೆಯ ಪ್ಲೇಟುಗಳಿಂದ ಪರಿಚಿತವಾದ ಗ್ರಾಮಫೋನ್ ಕಂಪನಿ ಕೈಜೋಡಿಸಿತು. ನಿರ್ದೇಶನ ವಾಲ್ಸ್ ಅವರದೇ.

ಆ ಕಾಲದ ಟಾಕಿ ಚಿತ್ರೀಕರಣ ಕೈಕಟ್ಟಿ ಕೂರಿಸಿದಂತೆ. ಕ್ಯಾಮೆರಾದ ಸದ್ದು ಮೈಕಿಗೆ ಸಿಗದಂತೆ ಅದನ್ನು ಮುಚ್ಚಿಡಬೇಕು. ನಟರು ಮೈಕಿನ ಅಂಕೆಯಲ್ಲೇ ಓಡಾಡಬೇಕು. ಅದಕ್ಕಿಂತ ದೊಡ್ಡ ತೊಡಕು ನಗುವಿನದು. ರಂಗದಲ್ಲಿ ಜನ ನಕ್ಕು ಮುಗಿಸುವವರೆಗೆ ನಟ ಕಾಯುತ್ತಾನೆ, ಅಲೆ ಇಳಿಯುತ್ತಿರುವಾಗಲೇ ಮುಂದಿನ ಮಾತು ಎಸೆಯುತ್ತಾನೆ. ಸ್ಟುಡಿಯೊದಲ್ಲಿ ನಗುವವರಿಲ್ಲ, ನಕ್ಕರೆ ಟೇಕ್ ಹಾಳು. ನೂರಾರು ಪ್ರದರ್ಶನಗಳಲ್ಲಿ ಎಲ್ಲಿ ಎಷ್ಟು ನಗು ಬರುತ್ತದೆಂದು ತಿಳಿದಿದ್ದ ನಟರಿಗಷ್ಟೇ ಈ ಮೌನದ ನಡುವೆ ಲಯ ಕಾಯ್ದುಕೊಳ್ಳಲು ಸಾಧ್ಯವಿತ್ತು. ಕಾಯಂ ತಂಡವನ್ನೇ ಕರೆತಂದದ್ದರ ಲಾಭ ಇದು.

ಚಿತ್ರವನ್ನು ಜನ ಮುಗಿಬಿದ್ದು ನೋಡಿದರು. ಅಮೆರಿಕದಲ್ಲಿ ಅದು 'ಒನ್ ಎಂಬರಾಸಿಂಗ್ ನೈಟ್' ಎಂಬ ಹೆಸರು ಹೊತ್ತು ತೆರೆಕಂಡಿತು. ಬೆನ್ನಿಗೇ 'ಪ್ಲಂಡರ್', 'ಥಾರ್ಕ್', 'ಎ ಕುಕೂ ಇನ್ ದ ನೆಸ್ಟ್' ಹೀಗೆ ಆಲ್ಡ್‌ವಿಚ್ ನಾಟಕಗಳು ಒಂದೊಂದಾಗಿ ಚಿತ್ರಗಳಾದವು.

ಸಿನಿಮಾ ಎಂದೇ ಅಳೆದರೆ 'ರುಕರಿ ನುಕ್' ಸೋಲುತ್ತದೆ. ನಾಟಕದ ಮುಂದೆ ಕ್ಯಾಮೆರಾ ಇಟ್ಟಂತಿದೆ ಎಂಬ ದೂರು ಸುಳ್ಳಲ್ಲ. ಆದರೆ ಆ ತಂಡದ ಆಟ ಇಂದಿಗೂ ನೋಡಸಿಗುತ್ತಿರುವುದು ಕ್ಯಾಮೆರಾ ಹಾಗೆ ಸುಮ್ಮನೆ ನಿಂತು ನೋಡಿದ್ದರಿಂದಲೇ. ನೋಡುವವರು ಸಿನಿಮಾ ನೋಡುವ ಅವಸರ ಬಿಟ್ಟು, ಕಂಪನಿ ನಾಟಕಕ್ಕೆ ಕೂತಷ್ಟು ಸಾವಧಾನದಿಂದ ನೋಡಲಿ; ನಗು ತಾನಾಗಿ ಬರುತ್ತದೆ.