ಎಷ್ಟು ಪೆಟ್ಟು ತಡೆಯಬಲ್ಲೆವು

ಜಪಾನಿನ ಫ್ರಮ್‌ಸಾಫ್ಟ್‌ವೇರ್ ಸಂಸ್ಥೆಯು ಹಿದೆತಾಕ ಮಿಯಾಝಾಕಿಯವರ ನಿರ್ದೇಶನದಲ್ಲಿ ರಚಿಸಿ 2022ರ ಫೆಬ್ರವರಿಯಲ್ಲಿ ಹೊರತಂದ 'ಎಲ್ಡನ್ ರಿಂಗ್' ಎಂಬ ವಿಡಿಯೋ ಗೇಮನ್ನು ಆಡಲು ಕುಳಿತವನ ಮುಂದೆ, ಆ ವಿಶಾಲ ಪ್ರಪಂಚದ ಕೋಟೆಕೊತ್ತಲಗಳಾಗಲಿ ಘೋರಮೃಗಗಳಾಗಲಿ ಸುಳಿಯುವುದಕ್ಕೆ ಮುನ್ನವೇ, ಹತ್ತು ಮಂದಿ ಪಾತ್ರಧಾರಿಗಳು ಬಂದು ನಿಲ್ಲುವರು. ಕವಚಧಾರಿಯಾದ ಯೋಧನೊಬ್ಬ, ನಸುಬಾಗಿದ ಖಡ್ಗದ ಸಮುರಾಯಿಯೊಬ್ಬ, ಮಂತ್ರದಂಡವನ್ನು ಹಿಡಿದ ಜ್ಯೋತಿಷಿಯೊಬ್ಬ, ಕಟ್ಟಕಡೆಗೆ ಸೊಂಟದ ಚಿಂದಿಯೊಂದನ್ನು ಬಿಟ್ಟರೆ ಮೈಮೇಲೆ ಏನೂ ಇಲ್ಲದೆ ಕೈಯಲ್ಲಿ ದೊಣ್ಣೆ ಹಿಡಿದ 'ರೆಚ್' ಎಂಬ ದರಿದ್ರನೊಬ್ಬ; ಹೀಗೆ ಒಬ್ಬೊಬ್ಬರ ಪಕ್ಕದಲ್ಲಿಯೂ ಎಂಟೆಂಟು ಅಂಕಿಗಳು ಬರೆದಿರುತ್ತವೆ. ಹೊಸಬನು ಅಂಕಿಗಳನ್ನು ನೋಡುವುದಿಲ್ಲ, ವೇಷವನ್ನು ನೋಡಿ ಮೆಚ್ಚಿ ಮುಂದೆ ಹೋಗುವನು. ಅದರಿಂದ ಅವನಿಗೆ ಆಗುವ ನಷ್ಟವೂ ಅಷ್ಟೇನಿಲ್ಲ. ಏಕೆಂದರೆ ಯಾವ ಪಾತ್ರವನ್ನೇ ತೆಗೆದುಕೊಂಡು ಅದರ ಎಂಟು ಅಂಕಿಗಳನ್ನು ಕೂಡಿಸಿ, ಬಂದ ಮೊತ್ತದಿಂದ ಅದರ ಆರಂಭದ ಲೆವೆಲನ್ನು ಕಳೆದರೆ ಉಳಿಯುವುದು 79 ಮಾತ್ರ. ಎಂಟು ಹತ್ತುಗಳನ್ನು ಹೊತ್ತು ಒಂದನೆಯ ಲೆವೆಲಿನಲ್ಲಿ ನಿಂತಿರುವ ದರಿದ್ರನೂ, 88 ಅಂಕಗಳೊಡನೆ ಒಂಬತ್ತನೆಯ ಲೆವೆಲಿನಲ್ಲಿ ಹೊರಡುವ ಕವಚಧಾರಿಯೂ ವಾಸ್ತವದಲ್ಲಿ ಸಮಾನ ಸಿರಿವಂತರು. ಭೇದವಿರುವುದು ಹಂಚಿಕೆಯಲ್ಲಿ, ಮುಂದೆ ಉಪಯೋಗಕ್ಕೆ ಬಾರದ ಗುಣಗಳಲ್ಲಿ ಯಾರ ಅಂಕಗಳು ಕಡಿಮೆ ಸಿಕ್ಕಿಕೊಂಡಿವೆಯೋ ಅವನನ್ನು ಆರಿಸುವುದು ಜಾಣತನ.

ಈ ಜಾತಿಯ ಆಟಗಳನ್ನು ಆ್ಯಕ್ಷನ್ ರೋಲ್‌ಪ್ಲೇಯಿಂಗ್ ಗೇಮ್ ಎಂದು ಕರೆಯುವರು. ಅಂಕಿಗಳಿಂದ ಪಾತ್ರವೊಂದನ್ನು ಕಟ್ಟುವ ಪದ್ಧತಿಯು ಅಮೆರಿಕದ ಗ್ಯಾರಿ ಗೈಗ್ಯಾಕ್ಸ್ ಮತ್ತು ಡೇವ್ ಆರ್ನೆಸನ್ 1974ರಲ್ಲಿ ಪ್ರಕಟಿಸಿದ 'ಡಂಜನ್ಸ್ ಅಂಡ್ ಡ್ರ್ಯಾಗನ್ಸ್' ಎಂಬ, ಮೇಜಿನ ಸುತ್ತ ಕುಳಿತು ದಾಳವುರುಳಿಸಿ ಆಡುವ ಆಟದಿಂದ ಬಂದುದು. ಅಲ್ಲಿ ಕತ್ತಿ ತಗುಲಿತೋ ಇಲ್ಲವೋ ಎಂಬುದನ್ನು ದಾಳವು ನಿರ್ಣಯಿಸುತ್ತಿದ್ದರೆ, ಇಲ್ಲಿ ಆಟಗಾರನ ಬೆರಳುಗಳು ನಿರ್ಣಯಿಸುತ್ತವೆ. ಶತ್ರುಗಳನ್ನು ಸಂಹರಿಸಿದಾಗ ದೊರೆಯುವ 'ರೂನ್' ಎಂಬ ಧನವನ್ನು ವ್ಯಯಮಾಡಿ ಒಂದು ಲೆವೆಲ್ ಏರಿದರೆ ಎಂಟು ಗುಣಗಳಲ್ಲಿ ಯಾವುದಾದರೂ ಒಂದನ್ನು ಒಂದು ಅಂಕದಷ್ಟು ಹೆಚ್ಚಿಸಿಕೊಳ್ಳಬಹುದು. ವಿಗರ್ ಜೀವವನ್ನೂ, ಮೈಂಡ್ ಮಂತ್ರಶಕ್ತಿಯ ಸಂಗ್ರಹವನ್ನೂ, ಎಂಡ್ಯೂರನ್ಸ್ ದಮ್ಮು ಮತ್ತು ಭಾರ ಹೊರುವ ಸಾಮರ್ಥ್ಯವನ್ನೂ ಬೆಳೆಸುತ್ತವೆ. ಸ್ಟ್ರೆಂಗ್ತ್ ಎಂಬ ಬಾಹುಬಲ, ಡೆಕ್ಸ್‌ಟೆರಿಟಿ ಎಂಬ ಕೈಚಳಕ, ಇಂಟೆಲಿಜೆನ್ಸ್ ಎಂಬ ಬುದ್ಧಿ, ಫೇಯ್ತ್ ಎಂಬ ಶ್ರದ್ಧೆ, ಆರ್ಕೇನ್ ಎಂಬ ಗೂಢಶಕ್ತಿ, ಈ ಐದೂ ಬೇರೆಬೇರೆ ಆಯುಧಗಳ ಮತ್ತು ಮಂತ್ರಗಳ ಏಟನ್ನು ಬಲಪಡಿಸುತ್ತವೆ. ಈ ಅಂಕಗಳು, ಆಯುಧ, ಕವಚ, ತಾಯಿತ ಎಲ್ಲವೂ ಸೇರಿ ಆಗುವ ಒಟ್ಟು ರಚನೆಯೇ ಆಟಗಾರರ ಬಾಯಲ್ಲಿ ಬಿಲ್ಡ್.

ಯಾವ ಬಿಲ್ಡ್ ಶ್ರೇಷ್ಠವೆಂಬ ವಾದಕ್ಕೆ ಕೊನೆಯಿಲ್ಲ. ಆದರೆ ಯಾವುದು ಕೆಟ್ಟದೆಂಬುದರಲ್ಲಿ ಅನುಭವಿಗಳಿಗೆ ಅಷ್ಟಾಗಿ ಭಿನ್ನಾಭಿಪ್ರಾಯವಿಲ್ಲ: ಹತ್ತು ಕಡೆ ಮೊಳದಷ್ಟು ಬಾವಿ ತೋಡಿ ಒಂದರಲ್ಲಿಯೂ ನೀರು ಕಾಣದ ರೈತನಂತೆ, ಇಂದು ಬಲಕ್ಕೆ ಎರಡು, ನಾಳೆ ಬುದ್ಧಿಗೆ ಮೂರು, ಶ್ರದ್ಧೆಯೂ ಇರಲಿ ಎಂದು ಇನ್ನೊಂದು, ಹೀಗೆ ಚೆಲ್ಲುತ್ತ ಹೋಗುವುದೇ ಕೆಟ್ಟದ್ದು. ಇದಕ್ಕಿಂತ ಸೂಕ್ಷ್ಮವಾದ ದೋಷವೊಂದಿದೆ. ಹೊಡೆಯುವ ಗುಣಗಳನ್ನು ಮಾತ್ರ ಬೆಳೆಸಿ ಜೀವವನ್ನು ಮರೆಯುವುದು ಆ ದೋಷ. ಯುವಕರಲ್ಲಿ ಇದು ವಿಶೇಷವಾಗಿ ಕಾಣುತ್ತದೆ. ನನ್ನ ಅಭಿಪ್ರಾಯದಲ್ಲಿ ಬಿಲ್ಡ್ ಎಂಬುದು ಪರಾಕ್ರಮದ ಪಟ್ಟಿಯಲ್ಲ, ತಾನು ಎಷ್ಟು ಸಲ ತಪ್ಪುವೆನೆಂಬ ಬಗ್ಗೆ ಆಟಗಾರನು ಮಾಡಿಕೊಳ್ಳುವ ಪ್ರಾಮಾಣಿಕವಾದ ಅಂದಾಜು. ವೈರಿಯ ಗದೆ ಬೀಳುವ ಕ್ಷಣದಲ್ಲಿ ಪಕ್ಕಕ್ಕುರುಳಬೇಕಾದವನು ಅರೆಕ್ಷಣ ತಡಮಾಡಿದರೆ, ಆ ತಪ್ಪಿಗೆ ಮರಣದಂಡನೆಯೋ ಅಥವಾ ಒಂದು ಗುಟುಕು ಔಷಧದಲ್ಲಿ ಮುಗಿಯುವ ಜುಲ್ಮಾನೆಯೋ ಎಂಬುದನ್ನು ಬಹುಮಟ್ಟಿಗೆ ವಿಗರ್ ತೀರ್ಮಾನಿಸುತ್ತದೆ.

ಅಂಕಿಗಳು ಈ ಮಾತನ್ನು ಸಮರ್ಥಿಸುತ್ತವೆ. ವಿಗರ್ 25 ಇದ್ದಾಗ ಜೀವದ ಪ್ರಮಾಣ 800. ಅದು 40ಕ್ಕೇರಿದಾಗ 1450. ಎಂದರೆ ಹದಿನೈದು ಅಂಕಗಳ ವ್ಯಯದಿಂದ 650ರಷ್ಟು ಲಾಭ. ಮುಂದಿನ ಇಪ್ಪತ್ತು ಅಂಕಗಳಿಂದ, ಅಂದರೆ 60ನ್ನು ಮುಟ್ಟುವ ವೇಳೆಗೆ, ಅದು 1900 ಆಗುತ್ತದೆ. ಅಲ್ಲಿಂದಾಚೆಗೆ ಕಡೆಯ ಮಿತಿಯಾದ 99ರವರೆಗೆ ಮೂವತ್ತೊಂಬತ್ತು ಅಂಕಗಳನ್ನು ಸುರಿದರೂ ದೊರೆಯುವುದು ಕೇವಲ 200. ಹೀಗೆ ಪ್ರತಿಫಲವು ಕುಂಠಿತವಾಗತೊಡಗುವ ಹಂತಗಳನ್ನು ಆಟಗಾರರು ಸಾಫ್ಟ್ ಕ್ಯಾಪ್ ಎನ್ನುವರು; ಹೊಡೆಯುವ ಗುಣಗಳಲ್ಲಿಯೂ 80ರಾಚೆಗೆ ಇದೇ ಬರಡು ನೆಲ. ಆದುದರಿಂದ ಆಟದ ನಡುಭಾಗವನ್ನು ತಲಪುವ ಹೊತ್ತಿಗೆ ವಿಗರ್ 40, ಕೊನೆಯ ಪ್ರದೇಶಗಳಿಗೆ ಕಾಲಿಡುವಾಗ 60ರ ಆಸುಪಾಸು ಎಂಬ ಸಂಪ್ರದಾಯವು ಬೆಳೆದುಬಂದಿರುವುದು ಸಕಾರಣವಾಗಿಯೇ. ಇದರಲ್ಲಿ ಶೋಭೆಯಿಲ್ಲ, ಮಿಂಚಿಲ್ಲ; ಇದರ ಚಿತ್ರವನ್ನು ಯಾರೂ ಗೆಳೆಯರಿಗೆ ಕಳುಹಿಸುವುದಿಲ್ಲ.

ಇನ್ನು ಹೊಡೆತದ ವಿಷಯ. ಅಂಕಗಳ ಧ್ಯಾನದಲ್ಲಿ ಮುಳುಗಿದವರು ಮರೆಯುವ ಸಂಗತಿಯೆಂದರೆ, ಆಟದ ಮೊದಲರ್ಧದಲ್ಲಿ ಏಟಿನ ಬಲವು ಬೆಳೆಯುವುದು ಗುಣಗಳಿಗಿಂತ ಹೆಚ್ಚಾಗಿ ಕಮ್ಮಾರನ ಅಡಿಗಲ್ಲಿನ ಮೇಲೆ. ರೌಂಡ್‌ಟೇಬಲ್ ಹೋಲ್ಡ್ ಎಂಬ ಆಶ್ರಯಸ್ಥಾನದಲ್ಲಿ ಹ್ಯೂಗ್ ಎಂಬ ವೃದ್ಧನು ಕುಳಿತಿರುವನು. ಸಾಮಾನ್ಯ ಆಯುಧಗಳನ್ನು ಅವನು ಇಪ್ಪತ್ತೈದು ಮೆಟ್ಟಿಲುಗಳವರೆಗೂ, ವಿಶೇಷ ಆಯುಧಗಳನ್ನು ಹತ್ತು ಮೆಟ್ಟಿಲುಗಳವರೆಗೂ ಸಾಣೆಗೇರಿಸಬಲ್ಲನು. ಆಯುಧವು ಯಾವ ಗುಣವನ್ನು ಎಷ್ಟರಮಟ್ಟಿಗೆ ಹೀರಿಕೊಂಡು ಬಲಗೊಳ್ಳುತ್ತದೆಂಬುದನ್ನು ಎಸ್‌ನಿಂದ ಇವರೆಗಿನ ಅಕ್ಷರಗಳು ಸೂಚಿಸುತ್ತವೆ; ಆಯುಧವು ಮೆಟ್ಟಿಲೇರಿದಂತೆ ಈ ಹೀರುವಿಕೆಯೂ ಹೆಚ್ಚುತ್ತದೆ. ಸಾಣೆಗಾಣದ ಕತ್ತಿಗೆ ಬಾಹುಬಲವನ್ನು ಎಷ್ಟು ಎರೆದರೂ ಅದು ಕುಡಿಯದು.

ಬಾಹುಬಲದ ದಾರಿಯನ್ನು ಹಿಡಿದವರಿಗೆ ಆಟವು ತೋರಿಸಿರುವ ಔದಾರ್ಯವೊಂದಿದೆ: ಆಯುಧವನ್ನು ಎರಡು ಕೈಗಳಿಂದ ಹಿಡಿದರೆ ಸ್ಟ್ರೆಂಗ್ತ್ ಒಂದೂವರೆ ಪಟ್ಟು ಎಂದು ಎಣಿಸಲ್ಪಡುತ್ತದೆ. 'ಗ್ರೇಟ್‌ಸ್ವೋರ್ಡ್' ಎಂಬ ಆಳೆತ್ತರದ ಖಡ್ಗವು ಬೇಡುವ ಬಲ 31. ಎರಡು ಕೈ ಹಚ್ಚಿದವನಿಗೆ 21 ಸಾಕು. ಹಾಗೆಯೇ 54 ಇದ್ದವನು ಎರಡು ಕೈಗಳಿಂದ 81ರ ಫಲವನ್ನು ಪಡೆದು, ಮಿಗಿಸಿದ ಅಂಕಗಳನ್ನು ಜೀವಕ್ಕೂ ದಮ್ಮಿಗೂ ಹಾಕಬಹುದು. ಹೊಸಬರಿಗೆ ನಾನು ಹೇಳುವುದಾದರೆ ಇದೇ ಮಾರ್ಗವನ್ನು ಹೇಳುವೆನು. ಏಟು ನಿಧಾನ, ಆದರೆ ವೈರಿಯ ನಿಲುವು ಮುರಿಯುತ್ತದೆ; ಕಲಿಯಬೇಕಾದ ಗುಂಡಿಗಳು ಕೆಲವೇ. ಕವಚದ ವಿಷಯದಲ್ಲಿ ಮಾತ್ರ ಲೋಭ ಸಲ್ಲದು. ಮೈಮೇಲಿನ ಭಾರವು ಹೊರಬಲ್ಲ ಭಾರದ ಶೇಕಡಾ 70ನ್ನು ಮುಟ್ಟಿದರೆ, ಪಕ್ಕಕ್ಕುರುಳುವ ಚಲನೆಯು ಮಂದವಾಗುತ್ತದೆ; ಯಾವ ಉಕ್ಕಿನ ಎದೆಗವಚವೂ ಆ ನಷ್ಟವನ್ನು ತುಂಬಿಕೊಡಲಾರದು.

ಮಂತ್ರವಾದಿಯ ಕಥೆ ಬೇರೆ. ದೂರದಲ್ಲಿ ನಿಂತು ಹೊಡೆಯುವುದರಿಂದ ಆರಂಭವು ಸುಗಮ; ಕುದುರೆಯೇರಿ ಸುತ್ತುತ್ತ ಕಲ್ಲುಮಣಿಯಂಥ ನೀಲಿ ಕಿರಣಗಳನ್ನು ಎಸೆಯುವ ಜ್ಯೋತಿಷಿಯು, ಕತ್ತಿಯ ಗೆಳೆಯರು ಹತ್ತು ಸಲ ಸತ್ತ ತಾಣವನ್ನು ನಗುತ್ತ ದಾಟುವನು. ಆದರೆ ರಾಯಾ ಲುಕಾರಿಯಾ ಎಂಬ ಮಂತ್ರವಿದ್ಯಾಪೀಠಕ್ಕೆ ಹೊಕ್ಕಾಗ, ಆ ಪೀಠದ ರಾಣಿಯಾದ ರೆನ್ನಾಲಳ ಮೇಲೆ ಅದೇ ವಿದ್ಯೆಯು ಮಂಕಾಗುವುದನ್ನು ಕಂಡು ಬೆಚ್ಚುವನು. ಶ್ರದ್ಧೆಯ ಮಾರ್ಗದವರಿಗೆ ಈ ಅನುಭವ ಇನ್ನೂ ತಡವಾಗಿ, ಆದಕಾರಣ ಇನ್ನೂ ಕಹಿಯಾಗಿ ಒದಗುತ್ತದೆ: ಇಡೀ ಆಟವನ್ನು ಪವಿತ್ರಜ್ಯೋತಿಯ ಏಟುಗಳಿಂದ ಗೆದ್ದು ಬಂದವನಿಗೆ ಅಂತ್ಯದಲ್ಲಿ ಎದುರಾಗುವ ರಾಡಗಾನ್ ಮತ್ತು ಎಲ್ಡನ್ ಬೀಸ್ಟ್ ಇಬ್ಬರೂ ಅದೇ ಜ್ಯೋತಿಯನ್ನು ಸುಲಭವಾಗಿ ತಡೆದುಕೊಳ್ಳುವರು. ಒಂದೇ ಗುಣವನ್ನು ನಂಬುವುದು ಸರಿ, ಒಂದೇ ಬಗೆಯ ಏಟನ್ನು ನಂಬುವುದು ಸರಿಯಲ್ಲ; ಅದೇ ಶ್ರದ್ಧೆಯು ಬೆಂಕಿಯನ್ನೂ ಸಿಡಿಲನ್ನೂ ಕೊಡಬಲ್ಲುದಾದ್ದರಿಂದ ಜಾಣನಾದವನು ಜೋಳಿಗೆಯಲ್ಲಿ ಇವೆರಡನ್ನೂ ಇಟ್ಟುಕೊಂಡಿರುವನು.

ಮತ್ತೊಬ್ಬರ ಬಿಲ್ಡನ್ನು ಅಂಕಿ ಬಿಡದೆ ನಕಲುಮಾಡುವ ರೂಢಿಯ ಬಗ್ಗೆ ಎರಡು ಮಾತು. ಆಟವು ಬಿಡುಗಡೆಯಾದ ಮೊದಲ ವಾರಗಳಲ್ಲಿ ನೆಲವನ್ನು ತುಳಿದು ಹಿಮವೆಬ್ಬಿಸುವ 'ಹೋರ್‌ಫ್ರಾಸ್ಟ್ ಸ್ಟಾಂಪ್' ಎಂಬ ವಿದ್ಯೆಯನ್ನೂ, ಆಟಗಾರನ ಪ್ರತಿರೂಪವಾಗಿ ನಿಂತು ಹೋರಾಡುವ 'ಮಿಮಿಕ್ ಟಿಯರ್' ಎಂಬ ಭೂತವನ್ನೂ ಹಿಡಿದವರೇ ಎಲ್ಲೆಲ್ಲಿಯೂ. ಮಾರ್ಚ್ ತಿಂಗಳಲ್ಲಿ ಬಂದ ತಿದ್ದುಪಡಿಯು ಎರಡನ್ನೂ ಕುಗ್ಗಿಸಿತು. ಜನರು ರಕ್ತಸ್ರಾವದ ಬಿಲ್ಡಿಗೆ ತಿರುಗಿದರು. ಪದೇ ಪದೇ ಗಾಯಗೊಳಿಸಿ ವೈರಿಯ ಗರಿಷ್ಠ ಜೀವದ ಶೇಕಡಾವಾರು ಪಾಲನ್ನೇ ಒಮ್ಮೆಗೆ ಕಿತ್ತುಕೊಳ್ಳುವ ಈ ಉಪಾಯವು ದೈತ್ಯದೇಹಿಗಳ ಮೇಲೆ ಅಮೋಘ. 'ರಿವರ್ಸ್ ಆಫ್ ಬ್ಲಡ್' ಎಂಬ ಖಡ್ಗವಂತೂ ಮನೆಮಾತಾಯಿತು. ಆಗಸ್ಟಿನ ತಿದ್ದುಪಡಿ ಅದನ್ನೂ ಬಿಡಲಿಲ್ಲ. ಎಲ್ಡನ್ ಬೀಸ್ಟಿಗೆ ಸುರಿಯಲು ರಕ್ತವೇ ಇಲ್ಲವೆಂಬುದು ಬೇರೆ ಮಾತು. ಎರವಲು ತಂದವನಿಗೆ ಆಯುಧ ಮಾತ್ರ ಬಂದಿರುತ್ತದೆ, ಅದು ಏಕೆ ಫಲಿಸುತ್ತಿತ್ತೆಂಬ ತಿಳಿವು ಬಂದಿರುವುದಿಲ್ಲ. ಆದುದರಿಂದ ತಿದ್ದುಪಡಿಯ ಮರುದಿನ ಅವನು ಕೈಕಟ್ಟಿ ಕೂರಬೇಕಾಗುತ್ತದೆ.

ಹಿಂದಿನವರಿಗೆ ಇಂಥ ಪ್ರಯೋಗಗಳ ಸ್ವಾತಂತ್ರ್ಯವೇ ಇರಲಿಲ್ಲ. 2000ನೆಯ ಇಸವಿಯಲ್ಲಿ ಬಂದ, ಈ ಪ್ರಕಾರದ ಕುಲಪಿತಾಮಹರಲ್ಲೊಂದಾದ 'ಡಯಾಬ್ಲೊ 2'ರಲ್ಲಿ ಪ್ರತಿ ಲೆವೆಲಿಗೆ ಐದು ಅಂಕಗಳು ಗುಣಗಳಿಗೂ ಒಂದು ಅಂಕ ವಿದ್ಯೆಗೂ ದೊರೆಯುತ್ತಿದ್ದವು. ಒಮ್ಮೆ ಹಾಕಿದ ಅಂಕವನ್ನು ಹಿಂದೆಗೆಯುವ ಮಾರ್ಗವಿರಲಿಲ್ಲ. ಅನೇಕ ರಾತ್ರಿಗಳ ಶ್ರಮವು ಒಂದು ಅವಿವೇಕದಿಂದ ಹಾಳಾಯಿತೆಂದರೆ ಹೊಸ ಪಾತ್ರವನ್ನು ಹುಟ್ಟಿಸುವುದೊಂದೇ ಗತಿ. ಆ ಭಯದಿಂದಲೇ ಅಲ್ಲಿ ಒಂದು ಕಠೋರ ಸೂತ್ರ ರೂಪುಗೊಂಡಿತು: ಬಾಹುಬಲ ತೊಡುವ ಕವಚಕ್ಕೆ ಬೇಕಾದಷ್ಟೇ, ಮಂತ್ರಶಕ್ತಿಗೆ ಒಂದಂಕವೂ ಇಲ್ಲ, ಮಿಕ್ಕದ್ದೆಲ್ಲ ಜೀವಕ್ಕೆ. ಅಂಕಗಳನ್ನು ಮರಳಿ ಪಡೆಯುವ ಅನುಕೂಲವನ್ನು ಅದರ ನಿರ್ಮಾಪಕರು ಕೊಟ್ಟದ್ದು 2010ರಲ್ಲಿ. ಎಲ್ಡನ್ ರಿಂಗ್ ಇದರಲ್ಲಿ ಮಧ್ಯಮಮಾರ್ಗವನ್ನು ಹಿಡಿದಿದೆ. ಸೋತ ರೆನ್ನಾಲಳೇ ಮುಂದೆ ಆಟಗಾರನಿಗೆ ಪುನರ್ಜನ್ಮವನ್ನು ಕರುಣಿಸುವಳು. ಆದರೆ ಪ್ರತಿ ಸಲಕ್ಕೂ 'ಲಾರ್ವಲ್ ಟಿಯರ್' ಎಂಬ ಅಪರೂಪದ ವಸ್ತುವೊಂದನ್ನು ತೆರಬೇಕು, ಅವು ದೊರೆಯುವುದು ಮಿತಸಂಖ್ಯೆಯಲ್ಲಿ. ಪ್ರಯೋಗಕ್ಕೆ ಎಡೆಯುಂಟು, ಚಪಲಕ್ಕಿಲ್ಲ.

ಲೆವೆಲನ್ನು ಏರಿಸುತ್ತಲೇ ಹೋದರೆ 713ರಲ್ಲಿ ಎಂಟು ಗುಣಗಳೂ 99ನ್ನು ಮುಟ್ಟಿ, ಆಯ್ಕೆಯೆಂಬುದೇ ಅಳಿಸಿಹೋಗುತ್ತದೆ. ಪರಸ್ಪರ ಕಾದಾಡುವ ನಿಷ್ಣಾತರು ಇದನ್ನರಿತೇ 125ರಲ್ಲೋ 150ರಲ್ಲೋ ತಾವಾಗಿ ನಿಲ್ಲುವ ಒಪ್ಪಂದವನ್ನು ಮಾಡಿಕೊಂಡಿರುವರು. ಯಾವ ಸಂಖ್ಯೆಯೆಂಬ ಜಗಳ ಈಗಲೂ ಮುಗಿದಿಲ್ಲ. ಇನ್ನೊಂದು ತುದಿಯಲ್ಲಿ, ಆ ಚಿಂದಿಯುಟ್ಟ ದರಿದ್ರನನ್ನೇ ಆರಿಸಿ, ಒಂದು ಲೆವೆಲನ್ನೂ ಏರದೆ ಇಡೀ ಆಟವನ್ನು ಮುಗಿಸಿದವರೂ ಇದ್ದಾರೆ. ತಪ್ಪುವುದೇ ಇಲ್ಲವೆಂಬ ಅಂದಾಜು ಅವರದು. ಅದನ್ನು ನಿಜಮಾಡುವ ಬೆರಳುಗಳೂ ಅವರಿಗಿವೆ. ನಮ್ಮಂಥವರು ಅವರನ್ನು ನೋಡಿ ಸಂತೋಷಪಡಬಹುದು.

2024ರ ಜೂನ್ 21ರಂದು 'ಶ್ಯಾಡೋ ಆಫ್ ದಿ ಎರ್ಡ್‌ಟ್ರೀ' ಎಂಬ ಉತ್ತರಭಾಗವು ಹೊರಬಂದಾಗ, ಉನ್ನತ ಲೆವೆಲಿನ ವೀರರು ಭಾರಿ ಭರವಸೆಯಿಂದ ಒಳಹೊಕ್ಕು ಒಂದೆರಡು ಏಟಿಗೆ ನೆಲಕ್ಕುರುಳಿದರು. ಹಳೆಯ ನಾಡಿನ ಅಂಕಗಳಿಗೆ ಅಲ್ಲಿ ಮನ್ನಣೆ ಕಡಿಮೆ. ಆ ನೆಲದಲ್ಲಿ ಚದರಿಬಿದ್ದಿರುವ 'ಸ್ಕಾಡುಟ್ರೀ' ಚೂರುಗಳನ್ನು ಹುಡುಕಿ ತಂದು, ಇಪ್ಪತ್ತು ಹಂತಗಳ ಅನುಗ್ರಹವನ್ನು ಸಂಪಾದಿಸಿದರೆ ಮಾತ್ರ ಏಟಿಗೆ ಬಲ, ಮೈಗೆ ರಕ್ಷೆ. ದೂರುಗಳು ಹೆಚ್ಚಾದುವು, ವಾರ ತುಂಬುವುದರೊಳಗೆ ನಿರ್ಮಾಪಕರು ಆ ಅನುಗ್ರಹದ ಮೊದಲರ್ಧದ ಹಂತಗಳಿಗೆ ಇನ್ನಷ್ಟು ಬಲವನ್ನು ತುಂಬಿದರು. ಈಗ ಅಲ್ಲಿಗೆ ಹೊರಡುವವನು ವಿಗರ್ 60 ಇದೆಯೇ ಎಂದು ನೋಡಿಕೊಂಡು, ದೊಡ್ಡ ವೈರಿಗಳ ಬಾಗಿಲನ್ನು ತಟ್ಟುವ ಮೊದಲು ಅರ್ಧದಷ್ಟಾದರೂ ಚೂರುಗಳನ್ನು ಆಯ್ದುಕೊಳ್ಳುವುದು ಲೇಸು. ಅವುಗಳಲ್ಲಿ ಹಲವು ದಾರಿಬದಿಯ ಶಿಲುಬೆಗಳ ಬುಡದಲ್ಲಿಯೇ ಸಿಗುತ್ತವೆ.